ಪೆಲಿನ್ ಎಸ್ಮರ್ ಅವರ ಸಾಕ್ಷ್ಯಚಿತ್ರ ನೋಡಿದವರು ಇದ್ದೀರಾ?

ಶಿರಸಿ ತೋಟದಮನೆ
ನಮ್ಮೂರು ಶಿರಸಿಯಿಂದ ಒಳಗೆ. ಅಮ್ಮ, ಅತ್ತೆ, ಪಕ್ಕದ ಮನೆಯವರು ಸೇರಿ ಆರು ಹೆಂಗಸರು ತಾಳಮದ್ದಲೆ, ಅಂದರೆ ವೇಷ-ಕುಣಿತ ಇಲ್ಲದೆ ಕೂತು ಮಾತಿನಲ್ಲೇ ನಡೆಸುವ ಯಕ್ಷಗಾನ, ಕಲಿಯುತ್ತಿದ್ದಾರೆ. ರಾತ್ರಿ ಅಡಿಕೆ ಸುಲಿಯುತ್ತಲೇ ಅರ್ಥ (ಪಾತ್ರದ ಮಾತು) ಹೇಳುವುದನ್ನು ಅಭ್ಯಾಸ ಮಾಡುತ್ತಾರೆ, ಅದನ್ನು ಚಿತ್ರೀಕರಿಸಬೇಕು ಅಂತ ನನಗೆ ಬಹಳ ಆಸೆ. ಆದರೆ ಮೊಬೈಲ್ ಎತ್ತಿದ ಕೂಡಲೇ ಎಲ್ಲರೂ ಸೆರಗು ಸರಿ ಮಾಡಿಕೊಂಡು ಸುಮ್ಮನಾಗಿಬಿಡುತ್ತಾರೆ. ಟರ್ಕಿಯ ಪೆಲಿನ್ ಎಸ್ಮರ್ ಹಳ್ಳಿ ಹೆಂಗಸರ ನಾಟಕದ ಮೇಲೆ ಚಿತ್ರ ಮಾಡಿದ್ದಾರಂತೆ. ಗೊತ್ತಿದ್ದವರು ಹೇಳ್ತೀರಾ?

ಕುಮಟಾ ಆಟದ ಹುಚ್ಚು
ಅಕ್ಕಾ, ಅದು 2005ರ ‘ಓಯುನ್’. ಆ ಮಾತಿಗೆ ಆಟ ಅಂತಲೂ ಅರ್ಥ, ನಾಟಕ ಅಂತಲೂ ಅರ್ಥ. ನಾವು ಯಕ್ಷಗಾನಕ್ಕೆ ‘ಆಟ’ ಅನ್ನುತ್ತೇವಲ್ಲ, ಹಾಗೇ! ದಕ್ಷಿಣ ಟರ್ಕಿಯ ತೋರೋಸ್ ಬೆಟ್ಟದಲ್ಲಿ ಅರ್ಸ್ಲಾನ್‌ಕೋಯ್ ಅಂತ ಹಳ್ಳಿ. ಅಲ್ಲಿನ ಒಂಬತ್ತು ಹೆಂಗಸರು ಹಗಲೆಲ್ಲ ಹೊಲ, ಮನೆ ಅಂತ ದುಡಿದು, ತಮ್ಮ ಬದುಕನ್ನೇ ನಾಟಕ ಮಾಡುತ್ತಾರೆ. ಗಂಡಂದಿರ ಪಾತ್ರವೂ ಅವರದ್ದೇ. ಈ ಚಿತ್ರಕ್ಕೆ 2006ರ ಟ್ರೈಬೆಕಾ ಚಿತ್ರೋತ್ಸವದಲ್ಲಿ ಹೊಸ ಸಾಕ್ಷ್ಯಚಿತ್ರ ನಿರ್ದೇಶಕರಿಗೆ ಕೊಡುವ ಪ್ರಶಸ್ತಿ ಬಂತು.

ಕಾರವಾರ ಕಡಲು
ಎಸ್ಮರ್ ಹುಟ್ಟಿದ್ದು 1972ರಲ್ಲಿ, ಇಸ್ತಾಂಬುಲ್‌ನಲ್ಲಿ. ಓದಿದ್ದು ಸಮಾಜಶಾಸ್ತ್ರ. ನನಗೆ ಅವರ ಕೆಲಸದಲ್ಲಿ ತುಂಬ ಹಿಡಿಸಿದ್ದು ಒಂದೇ, ಅವರು ಒಮ್ಮೆ ನಂಟು ಬೆಳೆಸಿದವರನ್ನು ಬಿಡುವುದಿಲ್ಲ. 2002ರ ಸಾಕ್ಷ್ಯಚಿತ್ರ ‘ಕೊಲೆಕ್ಸಿಯೊಂಜು’ (ಸಂಗ್ರಹಕಾರ) ಅವರ ಮನೆತನದ ಹಿರಿಯ ಮಿತಾತ್ ಎಸ್ಮರ್ ಬಗ್ಗೆ, ಸಿಕ್ಕಿದ್ದನ್ನೆಲ್ಲ ಕೂಡಿಡುವ ಮನುಷ್ಯ ಅವರು. ಏಳು ವರ್ಷದ ನಂತರ ಅವರನ್ನೇ ಮುಖ್ಯ ಪಾತ್ರಕ್ಕೆ ಹಾಕಿ ಕಥಾಚಿತ್ರ ಮಾಡಿದರು. ಅರ್ಸ್ಲಾನ್‌ಕೋಯ್ ಹೆಂಗಸರ ಹತ್ತಿರವೂ ಹಾಗೇ ಮತ್ತೆ ಹೋದರು. 2019ರ ‘ಕ್ವೀನ್ ಲಿಯರ್’ ನೋಡಿ, ಅದರಲ್ಲಿ ಆ ಹೆಂಗಸರು ಶೇಕ್ಸ್‌ಪಿಯರ್‌ನ ಲಿಯರ್ ರಾಜನ ಕಥೆಯನ್ನು ತಮ್ಮದು ಮಾಡಿಕೊಂಡು ಬೆಟ್ಟದ ಹಳ್ಳಿ ಹಳ್ಳಿಗೂ ಒಯ್ಯುತ್ತಾರೆ. ‘ಓಯುನ್’ ಬಂದು ಆಗಲೇ 14 ವರ್ಷ ಆಗಿತ್ತು!

ಮೊದಲ ವಾರ ಮೊಬೈಲ್ ಎತ್ತಲೇಬೇಡಿ, ಅವರ ಜೊತೆ ಅಡಿಕೆ ಸುಲಿಯಿರಿ. ಆಮೇಲೆ ಎದುರಿಗೆ ಹಿಡಿಯದೆ, ಪಕ್ಕದಲ್ಲಿ ಎಲ್ಲಾದರೂ ಆನಿಸಿಟ್ಟು ಬಿಡಿ. ಚಳಿಗಾಲದಲ್ಲಿ ಅಂಕೋಲಾದಲ್ಲಿ ಮೀನು ಮಾರುವ ಹೆಂಗಸರನ್ನು ಚಿತ್ರೀಕರಿಸುವಾಗ ನಾನು ಹಾಗೇ ಮಾಡಿದ್ದು. ನಾಲ್ಕನೇ ದಿನ ಅವರೇ ಮಾತಾಡಲು ಶುರು ಮಾಡಿದರು.

ಶಿರಸಿ ತೋಟದಮನೆ
‘ಓಯುನ್’ ಅಂದರೆ ಆಟ ಅಂತ ಅಮ್ಮನಿಗೆ ಹೇಳಿದೆ. “ಅವರದ್ದು ಯಾವ ಪ್ರಸಂಗ?” ಅಂತ ಕೇಳಿದಳು. ಈಗ ಆರೂ ಜನರಿಗೆ ಆ ಚಿತ್ರ ನೋಡಬೇಕಂತೆ. ಇವತ್ತು ರಾತ್ರಿ ಅಡಿಕೆ ಸುಲಿಯುವ ಮೆಟ್ಟುಗತ್ತಿ ಹಿಡಿದು ನಾನೂ ಅವರ ಜೊತೆ ಕೂರುತ್ತೇನೆ.