ಯುದ್ಧದಲ್ಲಿ ಒಯ್ದ ಮಕ್ಕಳಿಗೆ ‘ಗಡೀಪಾರು’ ಎನ್ನಬಹುದೇ?

ಮಾನ್ಯರೇ,

ಧಾರವಾಡದ ಪತ್ರಿಕೋದ್ಯಮ ವಿದ್ಯಾರ್ಥಿಗಳಿಗಾಗಿ ಯುದ್ಧಕಾಲದ ಕಾನೂನುಗಳ ಕುರಿತು ಒಂದು ಕನ್ನಡ ಕೈಪಿಡಿ ಸಿದ್ಧವಾಗುತ್ತಿದೆ. ಮಕ್ಕಳನ್ನೂ ನಾಗರಿಕರನ್ನೂ ಬಲವಂತವಾಗಿ ಒಯ್ಯುವುದರ ಬಗೆಗಿನ ಅಧ್ಯಾಯ ನನ್ನ ಪಾಲಿಗೆ ಬಂದಿದೆ. ಪದಗಳಿಗೇನೂ ಬರವಿಲ್ಲ. ಆದರೆ ಬಳಕೆಯಲ್ಲಿರುವ ಒಂದೊಂದು ಪದವೂ ಓದುಗನನ್ನು ಬೇರೆಲ್ಲಿಗೋ ಎಳೆದುಕೊಂಡು ಹೋಗುತ್ತಿದೆ. ಆದ್ದರಿಂದ ಈ ಕೇಳಿಕೆ.

2023ರ ಮಾರ್ಚ್ 17ರಂದು ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯವು ರಷ್ಯಾದ ಅಧ್ಯಕ್ಷ ವ್ಲಾದಿಮಿರ್ ಪುಟಿನ್ ಹಾಗೂ ಅಲ್ಲಿನ ಮಕ್ಕಳ ಹಕ್ಕುಗಳ ಆಯುಕ್ತೆ ಮರಿಯಾ ಲ್ವೋವಾ-ಬೆಲೋವಾ ಅವರ ವಿರುದ್ಧ ಬಂಧನ ವಾರಂಟ್ ಹೊರಡಿಸಿತು. ಉಕ್ರೇನಿನ ಆಕ್ರಮಿತ ಪ್ರದೇಶಗಳಿಂದ ಮಕ್ಕಳನ್ನು ಕಾನೂನುಬಾಹಿರವಾಗಿ ‘ಡಿಪೋರ್ಟ್’ ಮತ್ತು ‘ಟ್ರಾನ್ಸ್‌ಫರ್’ ಮಾಡಿದರೆಂಬುದು ಆರೋಪ. ನಿಘಂಟಿನ ಪ್ರಕಾರ ಮೊದಲನೆಯದು ಗಡೀಪಾರು, ಎರಡನೆಯದು ವರ್ಗಾವಣೆ.

ಹುಬ್ಬಳ್ಳಿ-ಧಾರವಾಡದವರಿಗೆ ಗಡೀಪಾರಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಗಣೇಶ ಹಬ್ಬವೋ ಚುನಾವಣೆಯೋ ಹತ್ತಿರವಾದಾಗ ಪೊಲೀಸ್ ಕಮಿಷನರ್ ರೌಡಿಗಳನ್ನು ಗಡೀಪಾರು ಮಾಡಿದ ಸುದ್ದಿಯನ್ನು ಓದುತ್ತಲೇ ಇರುತ್ತೇವೆ. ಅದೇ ಪದವನ್ನು ನಾಲ್ಕು ವರ್ಷದ ಕೂಸಿಗೆ ಹಚ್ಚಿದರೆ ತಪ್ಪು ಕೂಸಿನದೇ ಎಂದಾಗುತ್ತದೆ. ಇನ್ನೂ ಒಂದು ತೊಡಕಿದೆ. ಗಡೀಪಾರು ಎಂದರೆ ಬೇಡವಾದವನನ್ನು ಹೊರಗಟ್ಟುವುದು. ಉಕ್ರೇನಿನ ಮಕ್ಕಳ ವಿಷಯದಲ್ಲಿ ಆದದ್ದು ತದ್ವಿರುದ್ಧ: ಅನಾಥರಾದ ಉಕ್ರೇನಿ ಮಕ್ಕಳಿಗೆ ರಷ್ಯಾದ ಪೌರತ್ವ ಬೇಗನೆ ಸಿಗುವಂತೆ 2022ರ ಮೇ ತಿಂಗಳಲ್ಲಿ ಆಜ್ಞೆ ಹೊರಟಿತು, ಎಷ್ಟೋ ಮಕ್ಕಳನ್ನು ಅಲ್ಲಿನ ಕುಟುಂಬಗಳಿಗೆ ಒಪ್ಪಿಸಲಾಯಿತು. ಹೀಗೆ ಒಯ್ದ ಮಕ್ಕಳ ಸಂಖ್ಯೆ 19,000ಕ್ಕೂ ಹೆಚ್ಚೆಂದು ಉಕ್ರೇನ್ ಸರ್ಕಾರ ಹೇಳುತ್ತದೆ. ಇದನ್ನು ಗಡೀಪಾರು ಎಂದು ಬರೆಯಲು ನನ್ನ ಕೈ ಏಳುತ್ತಿಲ್ಲ.

‘ವರ್ಗಾವಣೆ’ ಅದಕ್ಕಿಂತ ಸಪ್ಪೆ. ಒಂದು ಜನಾಂಗವನ್ನು ಇಲ್ಲವಾಗಿಸುವ ಉದ್ದೇಶದಿಂದ ಅದರ ಮಕ್ಕಳನ್ನು ಬಲವಂತವಾಗಿ ಮತ್ತೊಂದು ಜನಾಂಗಕ್ಕೆ ಸೇರಿಸುವುದನ್ನು 1948ರ ನರಮೇಧ ತಡೆ ಒಪ್ಪಂದವು ನರಮೇಧದ ಕೃತ್ಯಗಳಲ್ಲೇ ಎಣಿಸಿದೆ. ಅಷ್ಟು ಘೋರವಾದ ಕೃತ್ಯಕ್ಕೆ ‘ಮಕ್ಕಳ ವರ್ಗಾವಣೆ’ ಎಂದರೆ ಶಾಲೆಯ ವರ್ಗಾವಣೆ ಪತ್ರ ಕಣ್ಣ ಮುಂದೆ ಬರುತ್ತದೆ.

ಕೆಲವರು ‘ಸ್ಥಳಾಂತರ’ ಎಂದು ಬರೆಯುತ್ತಿದ್ದಾರೆ. ಇದಕ್ಕೆ ನನ್ನ ವಿರೋಧ ಎಲ್ಲಕ್ಕಿಂತ ಹೆಚ್ಚು. 2019ರ ಆಗಸ್ಟಿನಲ್ಲಿ ಮಲಪ್ರಭೆ ಉಕ್ಕಿ ನರಗುಂದ ತಾಲ್ಲೂಕಿನ ಕೊಣ್ಣೂರಿಗೆ ನೀರು ನುಗ್ಗಿದಾಗ ಜನರನ್ನು ಸ್ಥಳಾಂತರಿಸಲಾಯಿತು. ಗದಗ ಜಿಲ್ಲೆಯ ಓದುಗನಿಗೆ ಆ ಪದದ ಜೊತೆ ನೆನಪಾಗುವುದು ಕಾಳಜಿ ಕೇಂದ್ರದ ಅನ್ನ, ಚಾಪೆ, ಹೊದಿಕೆ. ಮಕ್ಕಳ ಸುರಕ್ಷತೆಗಾಗಿ ಕರೆತಂದೆವು ಎಂಬುದೇ ರಷ್ಯಾದ ವಾದವೂ ಹೌದು. ಆರೋಪಿಯ ಸಮರ್ಥನೆಯನ್ನು ನಾವೇಕೆ ಆರೋಪಪಟ್ಟಿಯ ಕನ್ನಡಕ್ಕೆ ಸೇರಿಸಬೇಕು? 1949ರ ನಾಲ್ಕನೆಯ ಜಿನೀವಾ ಒಪ್ಪಂದದ 49ನೆಯ ವಿಧಿ ಈ ಗೆರೆಯನ್ನು ಸ್ಪಷ್ಟವಾಗಿ ಎಳೆದಿದೆ. ಜನರ ಸುರಕ್ಷತೆಗಾಗಿ ಅವರನ್ನು ತಾತ್ಕಾಲಿಕವಾಗಿ ಬೇರೆಡೆಗೆ ಒಯ್ಯಬಹುದು, ಆದರೆ ಆ ಭಾಗದಲ್ಲಿ ಕಾಳಗ ನಿಂತ ಕೂಡಲೇ ಮನೆಗೆ ಮರಳಿಸಬೇಕು. ಕೈಪಿಡಿಯಲ್ಲಿ ‘ಸ್ಥಳಾಂತರ’ವನ್ನು ಈ ಅರ್ಥಕ್ಕೆ ಮಾತ್ರ ಮೀಸಲಿಡಬೇಕೆಂಬುದು ನನ್ನ ನಿಲುವು.

ಹಾಗಾದರೆ ‘ಅಪಹರಣ’ ಸಾಲದೇ ಎಂದು ಕೇಳುವಿರಿ. 2000ದ ಜುಲೈ 30ರಂದು ಗಾಜನೂರಿನಿಂದ ಡಾ. ರಾಜ್‌ಕುಮಾರ್ ಅವರನ್ನು ವೀರಪ್ಪನ್ ಒಯ್ದ ಮೇಲೆ 108 ದಿನ ನಾಡೆಲ್ಲ ಆ ಪದವನ್ನೇ ಉಸಿರಾಡಿತು. ಅಂದಿನಿಂದ ಅಪಹರಣದ ಬೆನ್ನಿಗೆ ಬೇಡಿಕೆ, ಸಂಧಾನ, ಬಿಡುಗಡೆ ಎಂಬ ಮಾತುಗಳು ತಾವಾಗಿ ಬಂದು ನಿಲ್ಲುತ್ತವೆ. 2014ರ ಏಪ್ರಿಲ್ 14ರ ರಾತ್ರಿ ನೈಜೀರಿಯಾದ ಚಿಬೋಕ್ ಶಾಲೆಯಿಂದ ಬೊಕೊ ಹರಾಮ್ 276 ಬಾಲಕಿಯರನ್ನು ಒಯ್ದದ್ದಕ್ಕೆ ಅದು ಸರಿಯಾಗಿ ಹೊಂದುತ್ತದೆ. 2017ರಲ್ಲಿ ಅವರ ಪೈಕಿ 82 ಮಂದಿ ಬಿಡುಗಡೆಯಾದದ್ದೂ ಸೆರೆಯಲ್ಲಿದ್ದ ಉಗ್ರರನ್ನು ಬಿಟ್ಟುಕೊಟ್ಟ ಮೇಲೆಯೇ. ಬೇಡಿಕೆಯೇ ಇಲ್ಲದೆ, ಮರಳಿಸುವ ಯೋಚನೆಯೂ ಇಲ್ಲದೆ, ಮಗುವನ್ನು ತಮ್ಮದಾಗಿಸಿಕೊಳ್ಳಲೆಂದೇ ಒಯ್ದಾಗ ಆ ಪದ ಅರ್ಧ ದಾರಿಯಲ್ಲೇ ನಿಲ್ಲುತ್ತದೆ. ನಮ್ಮ ಕಡೆ ಪ್ರೇಮವಿವಾಹಕ್ಕೆ ಒಪ್ಪದ ಹೆತ್ತವರ ದೂರೂ ಠಾಣೆಯಲ್ಲಿ ಅಪಹರಣವೆಂದೇ ದಾಖಲಾಗುವುದರಿಂದ ಅದರ ತೂಕ ಮತ್ತಷ್ಟು ಇಳಿದಿದೆ.

‘ಒತ್ತೆ’ಯ ಬಗ್ಗೆ ನನಗೆ ಗೊಂದಲವಿಲ್ಲ. 1792ರ ಶ್ರೀರಂಗಪಟ್ಟಣದ ಒಪ್ಪಂದದಂತೆ ಟಿಪ್ಪುವಿನ ಇಬ್ಬರು ಮಕ್ಕಳು ಕಾರ್ನ್‌ವಾಲಿಸನ ಕೈಗೆ ಒತ್ತೆಯಾಗಿ ಹೋದರು, ಷರತ್ತು ತೀರಿದ ಮೇಲೆ 1794ರಲ್ಲಿ ಮರಳಿದರು. ಅಂದು ರಾಜನೀತಿಯಾಗಿದ್ದುದು ಇಂದು ಅಪರಾಧ. ಅದೇ ಜಿನೀವಾ ಒಪ್ಪಂದದ 34ನೆಯ ವಿಧಿ ಒತ್ತೆ ಹಿಡಿಯುವುದನ್ನು ನಿಷೇಧಿಸಿದೆ.

ನನ್ನ ಮನಸ್ಸು ಒಲಿದಿರುವುದು ‘ಕಸಿದೊಯ್ಯು’ ಎಂಬ ಕ್ರಿಯಾಪದಕ್ಕೆ. ‘ಕಸಿ’ ಎಂದ ಕೂಡಲೇ ಯಾರಿಂದ ಎಂಬ ಪ್ರಶ್ನೆ ಏಳುತ್ತದೆ. ತಾಯಿಯೋ ಅಜ್ಜಿಯೋ ಅನಾಥಾಲಯದ ದಾದಿಯೋ ವಾಕ್ಯದೊಳಗೆ ಬರಲೇಬೇಕಾಗುತ್ತದೆ. ‘ಕಸಿದೊಯ್ದ ಮಕ್ಕಳು’ ಎಂದರೆ ಹಳ್ಳಿಯ ಓದುಗನಿಗೂ ತಿಳಿಯುತ್ತದೆ. ಕಾನೂನಿನ ಬರಹಕ್ಕೆ ಇದು ಹಗುರ ಎಂದು ಸಹೋದ್ಯೋಗಿಯೊಬ್ಬರು ಆಕ್ಷೇಪಿಸಿದ್ದಾರೆ. ನಾನು ಒಪ್ಪಿಲ್ಲ.

ನಮ್ಮ ವೀರಗಲ್ಲುಗಳ ಭಾಷೆಯೂ ನೆನಪಿಗೆ ಬರುತ್ತದೆ. ಅಲ್ಲಿ ತುರುಗೋಳ್, ಊರಳಿವು, ಪೆಣ್ಬುಯ್ಯಲ್ ಎಂಬ ಮಾತುಗಳಿವೆ. ತುರುಗೋಳ್ ದನ ಹಿಡಿದವನ ಕೆಲಸವನ್ನು ಹೇಳಿದರೆ, ಪೆಣ್ಬುಯ್ಯಲ್ ದಾಳಿಗೆ ಸಿಕ್ಕ ಹೆಂಗಸರ ಹುಯಿಲನ್ನೇ ಘಟನೆಯ ಹೆಸರಾಗಿಸುತ್ತದೆ. ಸಂಕಟಪಟ್ಟವರ ಕಡೆ ನಿಂತು ಹೆಸರಿಡುವ ಈ ಕ್ರಮ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ.

ತಮ್ಮಲ್ಲಿ ಕೇಳುವುದು ಇಷ್ಟು. ‘ಕಸಿದೊಯ್ಯು’ವಿನಿಂದ ಕಾನೂನಿನ ಬರಹಕ್ಕೆ ಹೊಂದುವ ನಾಮಪದ ಮಾಡುವುದಾದರೆ ‘ಕಸಿದೊಯ್ಯುವಿಕೆ’ ನಿಲ್ಲುತ್ತದೆಯೇ, ಅಥವಾ ‘ಬಲವಂತದ ಒಯ್ಲು’ ಎಂಬಂಥ ಚಿಕ್ಕ ರೂಪ ಒಗ್ಗುತ್ತದೆಯೇ? ಹಾವೇರಿ, ಗದಗ ಭಾಗದ ಶಾಸನಗಳನ್ನು ಓದಿದವರು ಮಕ್ಕಳನ್ನು ಸೆರೆ ಒಯ್ದದ್ದಕ್ಕೆ ಪ್ರತ್ಯೇಕ ಮಾತು ಕಂಡಿದ್ದರೆ ಶಾಸನದ ಸಾಲನ್ನೂ ಊರಿನ ಹೆಸರನ್ನೂ ಸೇರಿಸಿ ಬರೆಯಬೇಕೆಂದು ವಿನಂತಿ.