ಅಪೀಲಿನಲ್ಲಿರುವ ಪಾಲಿನ ಕೇಸು ರಾಜಿ ಮಾಡಿಕೊಂಡವರು ಅನುಭವ ಹೇಳಿ

ಬ್ರಹ್ಮಾವರದವ: ಪಾಲಿನ ದಾವೆ ಉಡುಪಿ ಕೋರ್ಟಿನಲ್ಲಿ ನಮ್ಮ ಕಡೆ ಆಯಿತು. ಚಿಕ್ಕಪ್ಪ ಬೆಂಗಳೂರಿಗೆ ಹೋಗಿ ಹೈಕೋರ್ಟಿನಿಂದ ಸ್ಟೇ ತಂದಿದ್ದಾರೆ. ಈಗ ಅವರೇ ರಾಜಿ ಮಾತು ಎತ್ತಿದ್ದಾರೆ. ರಸ್ತೆ ಬದಿಯ 25 ಸೆಂಟ್ಸ್ ಅವರಿಗೆ, ಹಳೇ ಮನೆ ಮತ್ತು ಹಿಂದಿನ 40 ಸೆಂಟ್ಸ್ ನಮಗೆ. ಒಪ್ಪಬಹುದಾ?

ಕಟಪಾಡಿ ಅಕ್ಕ: ನಾವು ಒಪ್ಪಿದೆವು. ಇವತ್ತಿಗೂ ಅದೇ ಸರಿ ಅಂತ ಹೇಳುತ್ತೇನೆ. ಉಡುಪಿ ವಕೀಲರಿಗೆ 70,000, ಬೆಂಗಳೂರಿನವರಿಗೆ 1,80,000, ಟೈಪಿಂಗು ಝೆರಾಕ್ಸು ಅಂತ 14,500. ಹಳೇ ದಾಖಲೆ ಇಂಗ್ಲಿಷಿಗೆ ಮಾಡಿಸಿದ ಖರ್ಚು ಬೇರೆ. ನಡುವೆ ಅಪ್ಪ ತೀರಿಕೊಂಡರು. ಅವರ ಜಾಗಕ್ಕೆ ನಮ್ಮೆಲ್ಲರ ಹೆಸರು ಸೇರಿಸಲು ಮತ್ತೆ ಅರ್ಜಿ, ಮತ್ತೆ ಫೀಸು. ರಾಜಿಯಲ್ಲಿ ನಮಗೆ 6 ಸೆಂಟ್ಸ್ ಕಡಿಮೆ ಬಂತು. ಹೋಗಲಿ, ಅಮ್ಮನಿಗೆ ರಾತ್ರಿ ನಿದ್ದೆ ಬರುತ್ತದೆ. ತೊಂದರೆ ಇರುವುದು ಬಾವಿಯದ್ದು ಮಾತ್ರ. ನೀರು ಇಬ್ಬರಿಗೂ ಅಂತ ಬರೆದರು. ಪಂಪು ಯಾರದ್ದು, ಕರೆಂಟ್ ಬಿಲ್ಲು ಯಾರು ಕಟ್ಟುವುದು, ಅದು ಎಲ್ಲೂ ಇಲ್ಲ. ಏಪ್ರಿಲ್ ಬಂತೆಂದರೆ ದೊಡ್ಡಪ್ಪನ ಮಗ ಪಂಪ್‌ಶೆಡ್ಡಿಗೆ ಬೀಗ ಹಾಕುತ್ತಾನೆ.

ಕಾಪು ತೆಂಗಿನತೋಟ: ಅಕ್ಕ, ನಿಮಗೆ ನಿದ್ದೆ ಬಂತು, ನನ್ನದು ಹೋಯಿತು. ಎಲ್ಲ ಒಟ್ಟಿಗೆ ಮುಗಿಯಲಿ ಅಂತ ನಮ್ಮ ವಕೀಲರು ದಾವೆಯ ಷೆಡ್ಯೂಲಿನಲ್ಲಿ, ಅಂದರೆ ದಾವೆ ಹಾಕಿದ ಜಾಗಗಳ ಪಟ್ಟಿಯಲ್ಲಿ, ಇಲ್ಲದ 8 ಸೆಂಟ್ಸನ್ನೂ ರಾಜಿಪತ್ರಕ್ಕೆ ಸೇರಿಸಿದರು. ಡಿಕ್ರಿ ಆಯಿತು. ಆರ್‌ಟಿಸಿ ಮಾಡಿಸಲು ಹೋದರೆ ಆ 8 ಸೆಂಟ್ಸ್ ಮಾತ್ರ ಆಗುವುದಿಲ್ಲ ಅಂದರು. ಷೆಡ್ಯೂಲಿನ ಹೊರಗಿನ ಜಾಗ ರಾಜಿ ಡಿಕ್ರಿಯಲ್ಲಿ ಬಂದರೆ ನೋಂದಣಿ ಆಗಲೇಬೇಕು, ನೋಂದಣಿ ಕಾಯ್ದೆ 17ನೇ ಸೆಕ್ಷನ್ ನೋಡಿ. ಅಷ್ಟರಲ್ಲಿ ಚಿಕ್ಕಮ್ಮ ತೀರಿಕೊಂಡರು. ಅವರ ಮಕ್ಕಳು ಸಹಿಗೆ ತಲಾ 50,000 ಕೇಳಿದರು. ಕೊಟ್ಟೆ. ಆಮೇಲೆ ಜಾಗ ಅಳೆದು ಭಾಗ ತೋರಿಸುವ 11ಇ ನಕ್ಷೆ ಬಂದಾಗ ನೋಡಿದರೆ ನನ್ನ ದಾರಿ ಅವರ ತೆಂಗಿನ ಬುಡಕ್ಕೆ ಹೋಗಿ ನಿಲ್ಲುತ್ತದೆ! ರಾಜಿ ಡಿಕ್ರಿ ಮೇಲೆ ಅಪೀಲು ಇಲ್ಲ, ಅದನ್ನು ರದ್ದು ಮಾಡಿ ಅಂತ ಹೊಸ ದಾವೆಯೂ ನಡೆಯುವುದಿಲ್ಲ. ಮೋಸ ಆಗಿದ್ದರೂ ಡಿಕ್ರಿ ಕೊಟ್ಟ ಕೋರ್ಟಿಗೇ ಹೋಗಿ ಹೇಳಬೇಕು.

ಸುರತ್ಕಲ್ ಶೆಟ್ರು: ಅದಕ್ಕೇ ನಾನು ರಾಜಿಗೆ ಕೂರಲಿಲ್ಲ. ಕೊನೆವರೆಗೆ ಹೋರಾಡಿ ಗೆದ್ದೆ. ಗೆದ್ದ ಮೇಲೂ ಜಾಗ ಭಾಗ ಮಾಡಿಸಿಕೊಳ್ಳಲು ಫೈನಲ್ ಡಿಕ್ರಿ ಅಂತ ಮತ್ತೊಂದು ಕೇಸು, ಅಳತೆಗೆ ಕೋರ್ಟ್ ಕಮಿಷನರ್ ಫೀಸು 35,000. ಆದರೂ ಯಾರ ಮುಂದೆಯೂ ತಲೆ ತಗ್ಗಿಸಲಿಲ್ಲ. ತಂಗಿಯರಿಂದ ಮೊದಲೇ ಹಕ್ಕು ಖುಲಾಸೆ ಬರೆಸಿಕೊಂಡಿದ್ದೆ, ಆ ಕಡೆಯಿಂದ ಕಿರಿಕಿರಿ ಇರಲಿಲ್ಲ.

ಕಟಪಾಡಿ ಅಕ್ಕ: ತಂಗಿಯರ ಪಾಲು ಬರೆಸಿಕೊಂಡದ್ದನ್ನು ಇಷ್ಟು ಧೈರ್ಯದಲ್ಲಿ ಹೇಳುತ್ತೀರಲ್ಲ ಮಾರಾಯ್ರೆ! ಎಷ್ಟು ಕೊಟ್ಟಿರಿ? ಅಪ್ಪ 2005ರ ಹಿಂದೂ ಉತ್ತರಾಧಿಕಾರ ಕಾಯ್ದೆ ತಿದ್ದುಪಡಿಗೆ ಮೊದಲೇ ತೀರಿದ್ದರೂ ಮಗಳಿಗೆ ಹುಟ್ಟಿನಿಂದಲೇ ಹಕ್ಕು ಉಂಟು ಅಂತ ಸುಪ್ರೀಂ ಕೋರ್ಟ್ 2020ರಲ್ಲೇ ಹೇಳಿದೆ.

ಸುರತ್ಕಲ್ ಶೆಟ್ರು: ಗೊತ್ತಿಲ್ಲದೆ ಮಾತಾಡಬೇಡಿ. ನಮ್ಮದು ಅಳಿಯಕಟ್ಟಿನ, ಅಂದರೆ ತಾಯಿ ಕಡೆಯಿಂದ ಆಸ್ತಿ ಬರುವ ಕುಟುಂಬ, ಆ ತೀರ್ಪು ನಮಗೆ ಬೇಕಾಗಿಲ್ಲ. ಅವರು ಮನಸಾರೆ ಬರೆದುಕೊಟ್ಟದ್ದು. ದೈವದ ಖರ್ಚು, ನಾಗಬನದ ಖರ್ಚು ಎಲ್ಲ ನೋಡುವುದು ನಾನೇ.

ಕಟಪಾಡಿ ಅಕ್ಕ: ಅಳಿಯಕಟ್ಟು ಅಂದರೆ ಜಾಗ ಬಂದದ್ದೇ ಹೆಂಗಸರ ಕಡೆಯಿಂದ. ಹಾಗಾದರೆ ಇನ್ನೂ ದೊಡ್ಡ ಅನ್ಯಾಯ. ದೈವಕ್ಕೆ, ನಾಗನಿಗೆ ತಂಬಿಲದ ಸೇವೆ ಕೊಟ್ಟ ಮಾತ್ರಕ್ಕೆ ತಂಗಿಯ ಪಾಲು ನಿಮ್ಮದಾಗುತ್ತದಾ?

ವಕೀಲರ ಗುಮಾಸ್ತ, ಕುಂದಾಪುರ: ಇಬ್ಬರೂ ಸ್ವಲ್ಪ ನಿಲ್ಲಿ. ರಾಜಿಪತ್ರಕ್ಕೆ ಎಲ್ಲ ಪಾಲುದಾರರ ಸಹಿ ಬೇಕು. ಮೈನರ್ ಮಕ್ಕಳ ಪಾಲಿದ್ದರೆ ತಾಯಿ ಸಹಿ ಹಾಕಿದರೆ ಸಾಲದು, ಕೋರ್ಟಿನ ಅನುಮತಿಯೂ ಬೇಕು. ಅದಿಲ್ಲದೆ ಮಾಡಿದ ರಾಜಿಯನ್ನು ಆ ಮಗು ಮುಂದೆ ಒಪ್ಪದಿದ್ದರೆ ಮೊದಲಿನಿಂದ ಶುರು. ನಮ್ಮ ಆಫೀಸಿಗೆ ಅಂಥವರು ಈಗಲೂ ಬರುತ್ತಾರೆ.

ಸುರತ್ಕಲ್ ಶೆಟ್ರು: ನನ್ನ ಮನೆ ವಿಷಯಕ್ಕೆ ಬಂದವರು ಅವರು. ನಿಲ್ಲಿಸಬೇಕಾದ್ದು ಅವರೇ.

ಕಾಪು ತೆಂಗಿನತೋಟ: ತಂಗಿಯರ ವಿಷಯ ಆಮೇಲೆ ಮಾತಾಡಿ. ಬ್ರಹ್ಮಾವರದವರೆ, ರಸ್ತೆ ಬದಿ ಪೂರ್ತಿ ಚಿಕ್ಕಪ್ಪನಿಗೆ ಹೋದರೆ ನಿಮ್ಮ 40 ಸೆಂಟ್ಸಿಗೆ ದಾರಿ ಎಲ್ಲಿಂದ?

ಬ್ರಹ್ಮಾವರದವ: ಬದಿಯಲ್ಲಿ 6 ಅಡಿ ಬಿಡುತ್ತೇನೆ ಅಂತ ಬಾಯಿಮಾತಿನಲ್ಲಿ ಹೇಳಿದ್ದಾರೆ.

ಕಾಪು ತೆಂಗಿನತೋಟ: 6 ಅಡಿಯಲ್ಲಿ ಕಲ್ಲಿನ ಲಾರಿ ಬರುತ್ತದಾ? ನಾಳೆ ಮನೆ ಕಟ್ಟುವುದು ಹೇಗೆ? 12 ಕೇಳಿ. ಸರ್ವೆಯವರಿಂದ ಅಳತೆ ಮಾಡಿಸಿ ನಕ್ಷೆಯನ್ನು ರಾಜಿಪತ್ರಕ್ಕೇ ಲಗತ್ತಿಸಿ. ಅಲ್ಲಿವರೆಗೆ ಸಹಿ ಹಾಕಬೇಡಿ.