ಜೋಡಿ ನೃತ್ಯದಲ್ಲಿ ಮುನ್ನಡೆಸುವವರು ಮತ್ತು ಅನುಸರಿಸುವವರು

ಪ್ರಶ್ನೆ (ಕಾರವಾರ):
ನಾನೂ ನನ್ನ ಪತ್ನಿಯೂ ಟ್ಯಾಂಗೋ ಎಂಬ ಜೋಡಿ ನೃತ್ಯವನ್ನು ಕಲಿಯುತ್ತಿದ್ದೇವೆ. ಒಬ್ಬರು ಮುನ್ನಡೆಸಿ ಇನ್ನೊಬ್ಬರು ಅನುಸರಿಸುವ ಈ ಕ್ರಮವು ದಾಂಪತ್ಯದ ಸಮಾನತೆಗೆ ಒಪ್ಪುತ್ತದೆಯೇ? ಅನುಭವಿಗಳು ದಯವಿಟ್ಟು ತಿಳಿಸಬೇಕು.

ಉತ್ತರ (ಶಿರಸಿ):
ಖಂಡಿತ ಒಪ್ಪುತ್ತದೆ. ಟ್ಯಾಂಗೋದಲ್ಲಿ ಮುನ್ನಡೆಸುವುದೆಂದರೆ ಕೈಹಿಡಿದು ಎಳೆಯುವುದಲ್ಲ. ಎದೆಯ ಚಲನೆಯಿಂದ ಸೂಚನೆ ನೀಡಿ, ಜೊತೆಗಾರರು ತಮ್ಮ ದೇಹದ ಭಾರವನ್ನು ಒಂದು ಕಾಲಿನಿಂದ ಇನ್ನೊಂದಕ್ಕೆ ಪೂರ್ಣವಾಗಿ ಬದಲಿಸುವವರೆಗೆ ಕಾಯಬೇಕಾಗುತ್ತದೆ. ಹಾಗೆ ಕಾಯದಿದ್ದರೆ ಮುಂದಿನ ಹೆಜ್ಜೆಯೇ ಕೂಡಿಬರುವುದಿಲ್ಲ. ಮನೆಯ ಮಾತುಕತೆಯಲ್ಲಿ ನಮಗೆ ಹೆಚ್ಚು ಕೊರತೆಯಾಗಿರುವುದು ಈ ತಾಳ್ಮೆಯೇ ಎಂದು ನಾನು ದೃಢವಾಗಿ ನಂಬುತ್ತೇನೆ.

ಉತ್ತರ (ಹೊನ್ನಾವರ):
ನಮ್ಮ ಬಡಗುತಿಟ್ಟಿನ ಯಕ್ಷಗಾನದಲ್ಲಿ ಭಾಗವತರೇ ಪ್ರಸಂಗವನ್ನು ನಡೆಸುವವರಾದರೂ, ವೇಷಧಾರಿಯ ಅಭಿನಯ ಅರಳುತ್ತಿರುವಾಗ ಅದೇ ಸಾಲನ್ನು ಮತ್ತೆ ಮತ್ತೆ ಹಾಡಿ ಅವರಿಗೆ ಅವಕಾಶ ಮಾಡಿಕೊಡುತ್ತಾರೆ. ಟ್ಯಾಂಗೋದಲ್ಲೂ ಅನುಸರಿಸುವವರು ತಮ್ಮ ಅಲಂಕಾರದ ಹೆಜ್ಜೆಗಳಿಗೆ ಸಮಯ ಪಡೆಯಬಹುದು, ಮುನ್ನಡೆಸುವವರು ಅದನ್ನು ಗುರುತಿಸಿ ನಿಲ್ಲಬೇಕು. ನೃತ್ಯದ ಅಂಗಳದಲ್ಲಿ ಜೋಡಿಗಳೆಲ್ಲ ಅಪ್ರದಕ್ಷಿಣವಾಗಿ ಸುತ್ತ ಸಾಗುವುದರಿಂದ, ಮುಂದಿರುವ ಜೋಡಿಗೆ ತಾಗದಂತೆ ನೋಡಿಕೊಳ್ಳುವ ಹೊಣೆಯೂ ಮುನ್ನಡೆಸುವವರಿಗೆ ಇದೆ.

ಉತ್ತರ (ಕುಮಟಾ):
ತಾವಿಬ್ಬರೂ ಅಭ್ಯಾಸದಲ್ಲಿ ಆಗಾಗ ಪಾತ್ರಗಳನ್ನು ಅದಲುಬದಲು ಮಾಡಿಕೊಳ್ಳಿ. ಸೂಚನೆಯು ಎಲ್ಲಿ ಅಸ್ಪಷ್ಟವಾಗುತ್ತದೆ ಎಂಬುದು ಆಗ ಇಬ್ಬರಿಗೂ ತಿಳಿಯುತ್ತದೆ.